ಡೋಲಿನ ಒಳಗಿನ ಹೆಸರು

ಆ ವರ್ಷದ ಬಗ್ಗೆ ಯಾರನ್ನು ಕೇಳಿದರೂ ಪಟ್ಟಿ ಒಪ್ಪಿಸುತ್ತಾರೆ. ನಮ್ಮ ಚಕ್ರವರ್ತಿಯ ಲೆಕ್ಕದಲ್ಲಿ ಷೋವಾ ಮೂವತ್ತೊಂಬತ್ತು, ಅಂದರೆ ಸಾವಿರದ ಒಂಬೈನೂರ ಅರವತ್ತನಾಲ್ಕು. ಜೂನ್‌ನಲ್ಲಿ ನೀಗಾತದಲ್ಲಿ ಭೂಮಿ ನಡುಗಿತು. ಅಕ್ಟೋಬರ್ ಒಂದಕ್ಕೆ ಬುಲೆಟ್ ರೈಲು ಓಡಿತು. ಹತ್ತಕ್ಕೆ ಟೋಕಿಯೊದಲ್ಲಿ ಒಲಿಂಪಿಕ್ಸ್ ಶುರುವಾಯಿತು. ನಮ್ಮ ಹೆಣ್ಣುಮಕ್ಕಳು ವಾಲಿಬಾಲ್‌ನಲ್ಲಿ ಚಿನ್ನ ಗೆದ್ದರು. ಇಡೀ ಜಪಾನ್ ಎದ್ದು ನಿಂತ ವರ್ಷ ಅನ್ನುತ್ತಾರೆ. ನಿಂತಿರಬಹುದು. ನಮ್ಮನ್ನು ಮಾತ್ರ ಆ ವರ್ಷ ಕೂರಿಸಿದರು. ಪರದೆಯ ಹಿಂದೆ, ಕೈಗೊಂದು ಕಾಗದದ ಬಾವುಟ ಕೊಟ್ಟು, ಉಸಿರೆತ್ತಬೇಡಿ ಎಂದು ಹೇಳಿ ಕೂರಿಸಿದರು.

ನಾನು ಕಿನು. ಕವಾರದವಳು. ಹೊಳೆ ಪೇಟೆಯನ್ನು ದಾಟಿ, ಪೇಟೆಯ ಕೊಳೆಯನ್ನೆಲ್ಲ ಹೊತ್ತು ಬರುವ ಕಡೆ ನಮ್ಮ ಕೇರಿ ಇದೆ. ನಾವು ದನದ ತೊಗಲು ಹದ ಮಾಡುವವರು. ಪೇಟೆಯ ಜನ ನಮ್ಮ ಕೇರಿಯ ಹೆಸರನ್ನು ಬಾಯಲ್ಲಿ ಹೇಳುವುದಿಲ್ಲ. ನಾಲ್ಕು ಬೆರಳು ಎತ್ತಿ ತೋರಿಸುತ್ತಾರೆ. ನಾಲ್ಕು ಕಾಲಿನವು ಎಂದರ್ಥ. ಅಂಗಡಿಯಲ್ಲಿ ಅಕ್ಕಿ ಅಳೆಯುವವನು ತೋರಿಸುತ್ತಾನೆ, ಶಾಲೆಯಲ್ಲಿ ಪಕ್ಕದ ಹುಡುಗಿ ತೋರಿಸುತ್ತಾಳೆ. ಕಾನೂನಿನಲ್ಲಿ ಇದೆಲ್ಲ ತೊಂಬತ್ತು ವರ್ಷದ ಹಿಂದೆಯೇ ಮುಗಿದುಹೋಗಿದೆಯಂತೆ. ಆ ಬೆರಳುಗಳಿಗೆ ಯಾರೂ ಹೇಳಿಲ್ಲ.

ನನಗಾಗ ಇಪ್ಪತ್ತನಾಲ್ಕು. ಅಮ್ಮ ಸತ್ತು ಬಹಳ ದಿನವಾಗಿತ್ತು. ಅಣ್ಣ ಇಸಾಮು ಒಸಾಕಕ್ಕೆ ಹೋಗಿ ಅಲ್ಲೇ ಮದುವೆಯಾಗಿದ್ದ. ಅಪ್ಪ ಅಮ್ಮ ಇಬ್ಬರೂ ಇಲ್ಲ ಎಂದು ಹೆಂಡತಿಯ ಮನೆಯವರಿಗೆ ಹೇಳಿದ್ದನಂತೆ. ಅಪ್ಪ ಬದುಕಿದ್ದ. ಯಸೊಕಿಚಿ ಅಂತ ಅವನ ಹೆಸರು. ಡೋಲು ಕಟ್ಟುವುದರಲ್ಲಿ ಅವನಂಥವನು ಸುತ್ತ ಮೂರು ಕಣಿವೆಯಲ್ಲಿ ಇರಲಿಲ್ಲ. ಮೊಣಕಾಲು ಮಾತ್ರ ಹೋಗಿತ್ತು. ನಲವತ್ತು ವರ್ಷ ಜನವರಿಯ ಹೊಳೆಯಲ್ಲಿ ನಿಂತು ತೊಗಲು ತೊಳೆದರೆ ಯಾರ ಮೊಣಕಾಲು ಉಳಿದೀತು? ಹಾಗಾಗಿ ಅಣ್ಣನ ಕೆಲಸ ನನ್ನ ಪಾಲಿಗೆ ಬಂತು.

ಕೆಲಸ ಎಂದರೆ ಇದು. ಹಸಿ ತೊಗಲನ್ನು ನೀರಿನಲ್ಲಿ ನೆನೆಸಬೇಕು. ಕೂದಲು ಸಡಿಲವಾದ ಮೇಲೆ ದಿಮ್ಮಿಯ ಮೇಲೆ ಹಾಸಿ, ಎರಡು ಹಿಡಿಯ ಕತ್ತಿಯಿಂದ ಹೆರೆಯಬೇಕು. ಒಳಗಡೆಯ ಕೊಬ್ಬು ಕೈಗೆ, ಮುಖಕ್ಕೆ, ಕೂದಲಿಗೆ ಹತ್ತುತ್ತದೆ. ಮೂರು ಸಲ ಸ್ನಾನ ಮಾಡಿದರೂ ವಾಸನೆ ಹೋಗುವುದಿಲ್ಲ. ಆಮೇಲೆ ತೊಗಲನ್ನು ಡೋಲಿನ ಬಾಯಿಗೆ ಹಾಸಿ, ಸುತ್ತ ಹಗ್ಗ ಕಟ್ಟಿ ಕೆಳಕ್ಕೆ ಎಳೆಯಬೇಕು. ಹಗ್ಗದ ಬಿಗಿ ಸಾಲದು. ಒಬ್ಬರು ಬರಿಗಾಲಲ್ಲಿ ತೊಗಲಿನ ಮೇಲೆ ಹತ್ತಿ ತುಳಿಯಬೇಕು. ಅಂಚಿನಿಂದ ಶುರುಮಾಡಿ ಸುತ್ತುತ್ತ ಸುತ್ತುತ್ತ ನಡುವಿಗೆ ಬರಬೇಕು. ಹಿಮ್ಮಡಿ ಊರಬೇಕು. ತೊಗಲು ಬಿಗಿಯಾಗುವುದು ಹಿಮ್ಮಡಿಗೆ ಗೊತ್ತಾಗುತ್ತದೆ. ಕೆಳಗಿನಿಂದ ಅಪ್ಪ ಹಗ್ಗ ತಿರುಗಿಸುತ್ತಾನೆ, ಮೇಲೆ ನಾನು ತುಳಿಯುತ್ತೇನೆ. ಬಿಗಿ ಸಾಕಾದ ಮೇಲೆ ಅಂಚಿಗೆ ಮೊಳೆ ಹೊಡೆದು ಹಗ್ಗ ಬಿಚ್ಚುತ್ತೇವೆ. ಸಂಜೆಗೆ ಸೊಂಟ ನನ್ನದಲ್ಲ ಅನ್ನಿಸುತ್ತದೆ.

ಆ ಏಪ್ರಿಲ್‌ನಲ್ಲಿ ಪೇಟೆಯ ಗುಡಿಯ ದೊಡ್ಡ ಡೋಲು ನಮ್ಮ ಕೊಟ್ಟಿಗೆಗೆ ಬಂತು. ಸೆಪ್ಟೆಂಬರ್‌ನಲ್ಲಿ ಒಲಿಂಪಿಕ್ ಜ್ಯೋತಿ ಪೇಟೆಯ ಮೇಲೆ ಹಾದುಹೋಗುತ್ತದೆ, ಗುಡಿಯ ಮುಂದೆ ಡೋಲು ಬಾರಿಸಿ ಬರಮಾಡಿಕೊಳ್ಳಬೇಕು, ಹೊಸ ತೊಗಲು ಹಾಕಿ ಎಂದು ಹೇಳಿಕಳಿಸಿದ್ದರು. ಆ ಗುಡಿಯ ಒಕ್ಕಲಿನಲ್ಲಿ ನಾವು ಇಲ್ಲ. ಹಬ್ಬದ ದಿನ ಪಲ್ಲಕ್ಕಿ ಹೊರುವಂತಿಲ್ಲ. ಕಲ್ಲಿನ ಮೆಟ್ಟಿಲ ಕೆಳಗೆ ನಿಂತು ನೋಡಬಹುದು, ಅಷ್ಟೆ. ಡೋಲಿನ ತೊಗಲು ಹರಿದಾಗ ಮಾತ್ರ ಅವರಿಗೆ ನಮ್ಮ ದಾರಿ ನೆನಪಾಗುತ್ತದೆ.

ಅಪ್ಪ ಹಳೆಯ ಮೊಳೆಗಳನ್ನು ಕಿತ್ತು, ತೊಗಲು ಸುಲಿದು, ದೀಪ ಹಿಡಿದು ನನ್ನನ್ನು ಕರೆದ. ಒಳಗೆ ನೋಡು ಅಂದ. ನಾನು ತಲೆ ತೂರಿಸಿದೆ. ಒಂದೇ ಮರದ ದಿಮ್ಮಿ ಕೊರೆದು ಮಾಡಿದ ಒಡಲು. ಒಳಗೋಡೆಯ ತುಂಬ ಉಳಿಯ ಕೆತ್ತನೆ, ಆಮೆಯ ಚಿಪ್ಪಿನ ಹಾಗೆ. ಆ ಕೆತ್ತನೆಯ ನಡುವೆ ಮಸಿಯಲ್ಲಿ ಬರಹ. ಮೇಲೆ ಮುತ್ತಜ್ಜ ತೋಜಿ. ಅದರ ಕೆಳಗೆ ಅಜ್ಜ ಮನ್‌ಸಾಕು. ಅದರ ಕೆಳಗೆ ಅಪ್ಪ. ಪ್ರತಿ ಹೆಸರಿನ ಜತೆ ವರ್ಷ, ಮತ್ತು ಊರು: ಕವಾರ. ತೊಗಲು ಹಾಕಿದವರು ಒಳಗೆ ಹೆಸರು ಬರೆದು ಮುಚ್ಚುವುದು ನಮ್ಮ ಕಸುಬಿನ ಪದ್ಧತಿ. ಮತ್ತೆ ತೆರೆಯುವವರೆಗೆ ಯಾರಿಗೂ ಕಾಣುವುದಿಲ್ಲ. ತೆರೆಯುವವರೂ ನಾವೇ.

ನನಗೆ ಅಳು ಬಂತು. ಹೇಳಿಕೊಳ್ಳಲು ನಾಚಿಕೆಯೇನಿಲ್ಲ. ನಮ್ಮನ್ನು ಮೆಟ್ಟಿಲು ಹತ್ತಿಸದ ಗುಡಿಯಲ್ಲಿ, ದೇವರ ಮುಂದೆ, ನಮ್ಮವರು ಎಂಬತ್ತು ವರ್ಷದಿಂದ ಕೂತಿದ್ದರು.

ಅಪ್ಪ ಮಸಿ ತೇಯ್ದ. ಕುಂಚ ನನ್ನ ಕೈಗೆ ಕೊಟ್ಟ.

"ಈ ಸಲ ನೀನು ಬರಿ, ಕಿನು. ತುಳಿಯೋಳು ನೀನು."

"ಹೆಂಗಸಿನ ಹೆಸರು ಬರೀಬೋದಾ ಅಪ್ಪ?"

"ತೊಗಲಿಗೆ ಗೊತ್ತಾಯ್ತದಾ ಯಾರ ಕಾಲು ಅಂತ? ಬರಿ."

ಬರೆದೆ. ಕುಂಚ ಹಿಡಿದು ಅಭ್ಯಾಸವಿಲ್ಲದೆ ಅಕ್ಷರ ಸೊಟ್ಟಗಾಯಿತು. ಕಿನು, ಷೋವಾ ಮೂವತ್ತೊಂಬತ್ತು, ಕವಾರ. ಶಾಲೆಯ ಹಾಜರಿ ಪುಸ್ತಕ ಬಿಟ್ಟರೆ ನನ್ನ ಹೆಸರು ಇನ್ನೆಲ್ಲೂ ಇರಲಿಲ್ಲ. ಮಸಿ ಒಣಗುವವರೆಗೆ ಅಲ್ಲೇ ಕೂತು ನೋಡಿದೆ.

ತಪ್ಪು ನಮ್ಮದೇ. ಪತ್ರಿಕೆಯವನೊಬ್ಬ ಕ್ಯಾಮೆರಾ ಹಿಡಿದು ಬಂದ. ಜ್ಯೋತಿಗೆ ಪೇಟೆ ಹೇಗೆ ಸಜ್ಜಾಗುತ್ತಿದೆ ಎಂದು ಬರೆಯುತ್ತಿದ್ದನಂತೆ. ಅಪ್ಪನ ಎದುರು ಮಂಡಿಯೂರಿ ಕೂತು, ಯಜಮಾನರೇ ಅಂತ ಕರೆದ. ಪೇಟೆಯಿಂದ ಬಂದವರು ಯಾರೂ ಅಪ್ಪನನ್ನು ಹಾಗೆ ಕರೆದಿರಲಿಲ್ಲ. ಅಪ್ಪ ಉಬ್ಬಿಹೋದ. ದೀಪ ಹಿಡಿದು ಒಡಲಿನ ಒಳಗೆಲ್ಲ ತೋರಿಸಿದ. ವಾರ ಕಳೆದ ಮೇಲೆ ಪತ್ರಿಕೆಯಲ್ಲಿ ಚಿತ್ರ ಬಂತು. ದೇವರ ಡೋಲಿನೊಳಗೆ ನಾಲ್ಕು ತಲೆಮಾರು ಎಂದು ಶೀರ್ಷಿಕೆ. ಚಿತ್ರದಲ್ಲಿ ನಾಲ್ಕು ಹೆಸರೂ ಕಾಣುತ್ತಿದ್ದವು. ಕವಾರ ಎಂಬುದು ಎಲ್ಲಕ್ಕಿಂತ ದಪ್ಪವಾಗಿ ಕಾಣುತ್ತಿತ್ತು. ಪಕ್ಕದ ಮನೆಯ ತೊಮೆ ಅಜ್ಜಿ ಅದನ್ನು ಕತ್ತರಿಸಿ ಕಂಬಕ್ಕೆ ಅಂಟಿಸಿಕೊಂಡಳು.

"ನೋಡ್ಕೊಳೇ ಕಿನು. ಚಕ್ರವರ್ತಿ ಆದ್ಮೇಲೆ ನಿಂದೇ ಹೆಸರು," ಎಂದು ಹಲ್ಲಿಲ್ಲದ ಬಾಯಿ ತುಂಬ ನಕ್ಕಳು.

ಮರುದಿನವೇ ಇಬ್ಬರು ಬಂದರು. ಒಬ್ಬ ಪೇಟೆಯ ಕಚೇರಿಯ ಕುರಿಹಾರ, ಜ್ಯೋತಿಯ ಸ್ವಾಗತದ ಉಸ್ತುವಾರಿ ಅವನದು. ಇನ್ನೊಬ್ಬ ಸೋಯಾ ಸಾಸ್ ಕಾರ್ಖಾನೆಯ ಮೊರಿವಾಕಿ, ಗುಡಿಯ ಸಮಿತಿಯ ಮುಖ್ಯಸ್ಥ. ಆಗ ಒಂದು ಬಾಯಿಗೆ ತೊಗಲು ಬಿಗಿಯುತ್ತಿದ್ದೆವು. ಇನ್ನೊಂದು ಬಾಯಿ ತೆರೆದೇ ಇತ್ತು. ನಾನು ಮೇಲೆ ನಿಂತು ತುಳಿಯುತ್ತಿದ್ದೆ. ಬಾಗಿಲಲ್ಲಿ ಬಂದವರ ನೆತ್ತಿ ನನ್ನ ಮೊಣಕಾಲಿನ ಮಟ್ಟಕ್ಕೆ ಇತ್ತು. ಮೊರಿವಾಕಿಯ ತಲೆಯ ನಡುವೆ ಬೋಳಾಗಿರುವುದು ಮೊದಲ ಸಲ ನೋಡಿದೆ.

ಅವನು ಮೂಗಿಗೆ ಕರವಸ್ತ್ರ ಹಿಡಿದಿದ್ದ.

"ಹೆಂಗ್ಸು. ದೇವರ ಡೋಲಿನ ಮೇಲೆ ಹೆಂಗ್ಸು. ಇಳಿಸಯ್ಯ ಅವಳ್ನ."

ಅಪ್ಪ ಆಗಲೇ ನೆಲಕ್ಕೆ ಬಗ್ಗಿದ್ದ. ಬಗ್ಗಿದಲ್ಲಿಂದಲೇ ನನಗೆ ಕೈಸನ್ನೆ ಮಾಡಿದ. ನಾನು ಇಳಿದೆ. ಇವತ್ತಿಗೂ ಆ ಇಳಿದದ್ದನ್ನು ನೆನೆದರೆ ಕಾಲು ಉರಿಯುತ್ತದೆ.

ಕುರಿಹಾರ ಮೆತ್ತಗೆ ಮಾತಾಡುವ ಮನುಷ್ಯ. ಮೆತ್ತಗೆ ಮಾತಾಡುವವರೇ ಹೆಚ್ಚು ಅಪಾಯ. ಹೊರಗಿನ ಪತ್ರಿಕೆಗಳು ಬರುತ್ತವೆ, ಟೀವಿಯವರು ಬರುತ್ತಾರೆ, ಈ ಹೊತ್ತಿನಲ್ಲಿ ಗುಡಿಯ ಡೋಲಿನೊಳಗೆ ಇಂಥ ಊರಿನ ಹೆಸರು ಇದೆ ಎಂದಾದರೆ ಪೇಟೆಯ ಮರ್ಯಾದೆ ಏನಾಗಬೇಕು, ನಾಳೆ ನಿಮ್ಮ ಮಕ್ಕಳಿಗೂ ತೊಂದರೆ ತಾನೇ ಎಂದೆಲ್ಲ ಹೇಳಿದ. ಕೊನೆಗೆ ವಿಷಯಕ್ಕೆ ಬಂದ. ಒಳಗಿನ ಬರಹವನ್ನೆಲ್ಲ ಹೆರೆದು ನುಣುಪು ಮಾಡಬೇಕು.

ಅಪ್ಪ ತಲೆ ಎತ್ತದೆ ಹೇಳಿದ, "ಸ್ವಾಮಿ, ಹೆಸರು ಕೂತಿರೋದು ಕೆತ್ನೆ ಮೇಲೆ. ಡೋಲಿನ ದನಿ ಬರೋದೇ ಆ ಕೆತ್ನೆಯಿಂದ. ಹೆರೆದ್ರೆ ಡೋಲು ಮೂಕ ಆಯ್ತದೆ."

"ನಿನ್ ಹೆಸ್ರು ಉಳಿಸ್ಕೊಳ್ಳೋಕೆ ಕತೆ ಕಟ್ಬೇಡ," ಎಂದ ಮೊರಿವಾಕಿ.

"ನನ್ ಹೆಸ್ರು ಬೇಕಾದ್ರೆ ಮಸಿ ಬಳೀರಿ ಸ್ವಾಮಿ. ಮರ ಮುಟ್ಬೇಡಿ."

ಮಸಿ ಬಳಿದರೆ ಅಡಿಯಲ್ಲಿ ಇದ್ದೇ ಇರುತ್ತದಲ್ಲ, ಅದು ಅವರಿಗೆ ಬೇಡ. ಮಾರನೆಯ ದಿನ ಅವರದೇ ಬಡಗಿಯನ್ನು ಕಳಿಸಿದರು. ಅವನು ಮನೆಗಳಿಗೆ ಬಾಗಿಲು ಮಾಡುವವನು, ಡೋಲಿನ ಒಳಗನ್ನು ಜನ್ಮದಲ್ಲಿ ನೋಡಿದವನಲ್ಲ. ಬಿಗಿದ ಹಗ್ಗ ಬಿಚ್ಚಿಸಿ ತೊಗಲು ತೆಗೆಸಿದ. ಒಡಲು ಅಲ್ಲಾಡದ ಹಾಗೆ ಹಿಡಿದುಕೋ ಎಂದು ಅಪ್ಪನಿಗೇ ಹೇಳಿದ. ಅಪ್ಪ ಎರಡೂ ತೋಳಿನಲ್ಲಿ ಒಡಲನ್ನು ತಬ್ಬಿ ಹಿಡಿದ. ಬಡಗಿ ಒಳಗೆ ಉಜ್ಜುಗೊರಡು ಹಾಕಿ ಎಳೆದ. ಎಳೆದಾಗಲೆಲ್ಲ ಅಪ್ಪನ ಎದೆ ಅದುರುತ್ತಿತ್ತು. ಅಜ್ಜ ಹೋದ, ಮುತ್ತಜ್ಜ ಹೋದ, ಅಪ್ಪ ಹೋದ. ನನ್ನದು ಹೊಸ ಮಸಿ, ಮರಕ್ಕೆ ಇಳಿದಿರಲಿಲ್ಲ, ಎರಡೇ ಎಳೆತಕ್ಕೆ ಹೋಯಿತು. ಕಪ್ಪು ಹತ್ತಿದ ಮರದ ಸುರುಳಿಗಳು ನೆಲದ ತುಂಬ ಬಿದ್ದವು. ಬಡಗಿ ಅವನ್ನು ಕಾಲಲ್ಲಿ ಬದಿಗೆ ತಳ್ಳಿ, ಸ್ನಾನದ ಒಲೆಗೆ ಚೆನ್ನಾಗಿ ಉರಿಯುತ್ತದೆ ಅಂದ.

ಅವನು ಹೋದ ಮೇಲೆ ಅಪ್ಪ ಸುರುಳಿಗಳನ್ನೆಲ್ಲ ಗುಡಿಸಿ ಒಂದು ಡಬ್ಬಿಗೆ ತುಂಬಿದ. ನಾನು ಬಾಯಿಗೆ ಬಂದ ಹಾಗೆ ಬೈದೆ. ಅವರನ್ನಲ್ಲ, ಅಪ್ಪನನ್ನು. ಅವರು ಕೊರಳು ಕೊಯ್ಯುವಾಗ ತಬ್ಬಿ ಹಿಡಿದುಕೊಂಡೆಯಲ್ಲ, ಇಸಾಮು ನಿನ್ನನ್ನು ಸತ್ತ ಅಂದದ್ದು ಸುಳ್ಳಲ್ಲ ಅಂದೆ. ಅಪ್ಪ ತೊಗಲು ನೆನೆಸಲು ಹೊಳೆಗೆ ಹೋದ. ನನ್ನ ಆ ಮಾತನ್ನು ವಾಪಸು ತೆಗೆದುಕೊಳ್ಳಲು ನಾನು ಈಗಲೂ ದಾರಿ ಹುಡುಕುತ್ತಿದ್ದೇನೆ.

ತೊಗಲು ಹಾಕಿದೆವು. ತುಳಿದೆ. ಹಿಮ್ಮಡಿಗೆ ತೊಗಲಿನ ಬಿಗಿ ಸಿಕ್ಕಿತು, ಆದರೆ ಅಡಿಯಿಂದ ಏನೂ ಮರಳಿ ಬರಲಿಲ್ಲ. ಖಾಲಿ ಬಾವಿಗೆ ಕಲ್ಲು ಹಾಕಿದ ಹಾಗೆ. ಅಪ್ಪನಿಗೂ ಗೊತ್ತಾಯಿತು. ನಾವು ಮುಖ ನೋಡಿಕೊಳ್ಳಲಿಲ್ಲ. ಇನ್ನೊಂದು ಪದ್ಧತಿ ಇದೆ. ಕೆಲಸ ಮುಗಿದ ಮೇಲೆ ಗುಡಿಯವರು ನಮ್ಮ ಕೊಟ್ಟಿಗೆಗೆ ಬಂದು, ಮೂರು ಪೆಟ್ಟು ಬಾರಿಸಿ, ದನಿ ಒಪ್ಪಿಗೆಯಾಯಿತು ಎಂದು ಹೇಳಬೇಕು. ಅಲ್ಲಿಯವರೆಗೆ ತೊಗಲು ನಮ್ಮದೇ. ಅಪ್ಪ ಹೇಳಿಕಳಿಸಿದ. ಯಾರೂ ಬರಲಿಲ್ಲ. ಪತ್ರಿಕೆಯಲ್ಲಿ ಬಂದ ಮೇಲೆ ಕವಾರದಲ್ಲಿ ಕಾಣಿಸಿಕೊಳ್ಳಲು ಅವರಿಗೆ ಮನಸ್ಸಿರಲಿಲ್ಲ. ಮೂರು ಗಾಲಿಯ ಲಾರಿ ಕಳಿಸಿ, ಬಟ್ಟೆ ಮುಚ್ಚಿ ಸಾಗಿಸಿಕೊಂಡು ಹೋದರು.

ಸೆಪ್ಟೆಂಬರ್ ಬಂತು. ಕುರಿಹಾರ ಮತ್ತೆ ಬಂದ. ಜ್ಯೋತಿ ಬರುವ ಮುಂಚಿನ ಹತ್ತು ದಿನ ತೊಗಲು ಒಣಹಾಕಬಾರದು, ನೆನೆಸಬಾರದು. ವಾಸನೆ ರಸ್ತೆಗೆ ಬರಬಾರದು. ಕೇರಿಯ ಉದ್ದಕ್ಕೂ ರಸ್ತೆಯ ಬದಿಗೆ ಕೆಂಪು ಬಿಳಿ ಪಟ್ಟೆಯ ಪರದೆ ಕಟ್ಟುತ್ತೇವೆ. ಹಬ್ಬದ ಪರದೆ, ಚೆನ್ನಾಗಿರುತ್ತದೆ. ಕೇರಿಯವರು ದಯವಿಟ್ಟು ಪರದೆಯ ಈಚೆ ಇರಬೇಕು. ಹೀಗೆ ಹೇಳಿ ಒಂದು ಕಟ್ಟು ಕಾಗದದ ಬಾವುಟ ಕೊಟ್ಟ. ತೊಮೆ ಅಜ್ಜಿ ಒಂದು ಬಾವುಟ ತೆಗೆದುಕೊಂಡು ತಿರುಗಿಸಿ ನೋಡಿದಳು.

"ಇದನ್ನ ಯಾರಿಗೆ ಬೀಸೋದಪ್ಪ? ಪರದೆಗಾ?"

"ಮನಸ್ಸಿಗೆ ಸಮಾಧಾನಕ್ಕೆ, ಅಜ್ಜಿ."

"ಹಂಗಾದ್ರೆ ನೀನೇ ಇಟ್ಕೊ. ನಿಂಗೇ ಬೇಕಾಯ್ತದೆ."

ಆ ದಿನ ಮಧ್ಯಾಹ್ನ ಕೇರಿಯ ನೂರೈವತ್ತು ಜನ ಪರದೆಯ ಹಿಂದೆ ಕೂತೆವು. ರಸ್ತೆಯ ಆ ಕಡೆ ಪೇಟೆಯ ಶಾಲೆಯ ಮಕ್ಕಳ ಕೂಗು. ಆಮೇಲೆ ಓಡುವ ಕಾಲುಗಳ ಸದ್ದು. ಪರದೆಯ ಅಡಿಯ ಸಂದಿನಲ್ಲಿ ಬಿಳಿ ಬೂಟುಗಳು ಹಾದುಹೋದವು. ನಾನು ಒಲಿಂಪಿಕ್ ಜ್ಯೋತಿ ನೋಡಿದ್ದು ಅಷ್ಟೆ. ಹೊಗೆಯ ವಾಸನೆ ಬಂತು. ಅವರ ಹೊಗೆ ರಸ್ತೆ ದಾಟಿ ನಮ್ಮ ಮನೆಗೆ ಬರಬಹುದು, ನಮ್ಮ ವಾಸನೆ ಆ ಕಡೆ ಹೋಗಬಾರದು.

ಆಗ ಗುಡಿಯ ಕಡೆಯಿಂದ ಡೋಲು ಕೇಳಿಸಿತು. ಕೇಳಿಸಿತು ಎನ್ನುವುದೂ ತಪ್ಪು. ಒದ್ದೆ ಹಾಸಿಗೆಗೆ ಕೋಲಿನಿಂದ ಹೊಡೆದ ಹಾಗೆ ಭದ್ ಎಂದಿತು. ಮತ್ತೆ ಭದ್. ಬಾರಿಸುವವನು ಸಿಟ್ಟಿಗೆದ್ದು ಜೋರಾಗಿ ಹೊಡೆದಿರಬೇಕು, ಇನ್ನೂ ಮಂಕಾಯಿತು. ಮಕ್ಕಳು ನಗುವುದು ಕೇಳಿಸಿತು. ಕೇರಿಯವರೆಲ್ಲ ಅಪ್ಪನ ಕಡೆ ತಿರುಗಿದರು. ಅಪ್ಪ ಕಣ್ಣು ಮುಚ್ಚಿಕೊಂಡು, ಎದೆಯ ಮೇಲೆ ಕೈ ಇಟ್ಟುಕೊಂಡು ಕೂತಿದ್ದ. ಅವನಿಗೆ ಖುಷಿಯಾಗಿರಲಿಲ್ಲ. ಅದು ಅವನ ಅಜ್ಜನ ಡೋಲು.

ಮಾರನೆಯ ಬೆಳಿಗ್ಗೆ ಲಾರಿ ಬಂತು. ಡೋಲು, ಕುರಿಹಾರ, ಮೊರಿವಾಕಿ. ಈ ಸಲ ಡೋಲಿಗೆ ಬಟ್ಟೆ ಮುಚ್ಚಿರಲಿಲ್ಲ, ಮೊರಿವಾಕಿಯ ಕೈಯಲ್ಲಿ ಕರವಸ್ತ್ರವೂ ಇರಲಿಲ್ಲ. ಬೇಕೆಂದೇ ಹಾಳು ಮಾಡಿದ್ದೀರಿ ಎಂದ. ಇಡೀ ದೇಶ ನೋಡುವ ಹೊತ್ತಿನಲ್ಲಿ ಪೇಟೆಯ ಮಾನ ತೆಗೆದಿರಿ, ಕೊಟ್ಟ ಅನ್ನಕ್ಕೆ ದ್ರೋಹ ಬಗೆದಿರಿ ಎಂದ. ಕೇರಿಯವರು ಒಬ್ಬೊಬ್ಬರಾಗಿ ಹೊರಗೆ ಬಂದು ನಿಂತರು. ಅದನ್ನು ನೋಡಿ ಕುರಿಹಾರ ಮಾತು ಬದಲಿಸಿದ. ಅಕ್ಟೋಬರ್ ಹದಿನಾಲ್ಕಕ್ಕೆ ಗುಡಿಯ ಹಬ್ಬ, ಅಷ್ಟರಲ್ಲಿ ಸರಿಮಾಡಿಕೊಡಬೇಕು. ಮತ್ತೆ ಕೆತ್ತಬೇಕಾದರೆ ಕೆತ್ತಿ. ಹೆಸರು ಬರೆಯಬೇಕಾದರೆ ಬರೆಯಿರಿ. ಒಳಗೇ ತಾನೇ, ಊರಿನ ಹೆಸರೊಂದು ಬಿಟ್ಟು.

ನಾನು ಕೇಳಿದೆ, "ಸರಿಮಾಡಿ ಕೊಟ್ರೆ ಹಬ್ಬದ ದಿನ ನಾವು ಮೆಟ್ಲು ಹತ್ಬೋದಾ?"

ಮೊರಿವಾಕಿ ನನ್ನ ಕಡೆ ನೋಡಲೇ ಇಲ್ಲ. "ಯಸೊಕಿಚಿ, ನಿನ್ ಮಗಳಿಗೆ ಬಾಯಿ ಮುಚ್ಕೊಂಡಿರೋಕೆ ಹೇಳು."

ನಾನು ಅಪ್ಪನ ಕಡೆ ನೋಡಿದೆ. ಈಗ ಬಗ್ಗುತ್ತಾನೆ ಅಂದುಕೊಂಡೆ. ಅಪ್ಪ ಬಗ್ಗಲಿಲ್ಲ. ಕುಂಟುತ್ತ ಒಳಗೆ ಹೋಗಿ ಇಕ್ಕಳ ತಂದ. ಲಾರಿಯ ಮೇಲೆಯೇ ಡೋಲಿನ ಮೊಳೆ ಕೀಳಲು ಶುರುಮಾಡಿದ. ಒಂದೊಂದನ್ನೂ ಕಿತ್ತು ಸೊಂಟದ ಚೀಲಕ್ಕೆ ಹಾಕಿಕೊಂಡ. ಒಂದು ಬಾಯಿಗೆ ಎರಡು ಸಾಲು ಮೊಳೆ. ಎಷ್ಟು ಹೊತ್ತು ಹಿಡಿಯಿತೋ ಗೊತ್ತಿಲ್ಲ. ರಿಪೇರಿಗೆ ಅಂದುಕೊಂಡು ಅವರು ಸುಮ್ಮನೆ ನಿಂತಿದ್ದರು. ಒಂದು ಕಡೆಯ ತೊಗಲು ಬಂತು, ಇನ್ನೊಂದು ಕಡೆಯದೂ ಬಂತು. ಎರಡನ್ನೂ ನನ್ನ ಹೆಗಲ ಮೇಲೆ ಹಾಕಿದ.

"ಮೂರು ಪೆಟ್ಟು ಬಾರ್ಸಿ ಒಪ್ಕೊಂಡಿಲ್ಲ ನೀವು. ತೊಗಲು ನಮ್ದು. ಒಡ್ಲು ನಿಮ್ದು, ತಗೊಂಡೋಗಿ. ನೀವು ಕೇಳ್ದಂಗೇ ಇದೆ. ಒಳಗೆ ಯಾರೂ ಇಲ್ಲ."

"ಯಸೊಕಿಚಿ, ಇದ್ರಿಂದ ಏನಾಯ್ತದೆ ಗೊತ್ತಾ?" ಎಂದ ಕುರಿಹಾರ. ದನಿ ಈಗಲೂ ಮೆತ್ತಗೇ ಇತ್ತು.

"ಗೊತ್ತು. ಇಕ್ಕಳ ಮಾತ್ರ ಮರ್ತು ತಗೊಂಡೋಗ್ಬೇಡಿ, ನಂದು."

ತೊಮೆ ಅಜ್ಜಿ ನಕ್ಕಳು. ಮೊದಲು ಅವಳೊಬ್ಬಳೇ ನಕ್ಕಿದ್ದು.

ಏನಾಯಿತು ಎಂದರೆ, ಕುರಿಹಾರ ಹೇಳಿದ್ದೇ ಆಯಿತು. ಸುತ್ತಲಿನ ಒಂದು ಗುಡಿಯೂ ನಮಗೆ ಮತ್ತೆ ಕೆಲಸ ಕೊಡಲಿಲ್ಲ. ಅಂಗಡಿಯವನು ಅಕ್ಕಿ ಮುಗಿದಿದೆ ಎನ್ನತೊಡಗಿದ, ಮೂಟೆಗಳು ಅವನ ಬೆನ್ನ ಹಿಂದೆಯೇ ಇದ್ದವು. ಕೇರಿಯಲ್ಲೂ ಕೆಲವರು ನಮ್ಮ ಜತೆ ಮಾತು ಬಿಟ್ಟರು. ಅವರನ್ನು ನಾನು ದೂರುವುದಿಲ್ಲ, ಅವರಿಗೂ ಹೊಟ್ಟೆ ಇದೆ. ಗುಡಿಯವರು ಆ ಹಬ್ಬಕ್ಕೆ ಧ್ವನಿವರ್ಧಕದಲ್ಲಿ ಡೋಲಿನ ರೆಕಾರ್ಡು ಹಾಕಿದರು. ಪೇಟೆಯ ಇತಿಹಾಸ ಎಂದು ಆಮೇಲೊಂದು ದಪ್ಪ ಪುಸ್ತಕ ಬಂತು. ಅದರಲ್ಲಿ ಷೋವಾ ಮೂವತ್ತೊಂಬತ್ತರ ಪುಟದಲ್ಲಿ, ಗುಡಿಯ ಡೋಲಿನ ಗಂಭೀರ ನಾದದ ನಡುವೆ ಜ್ಯೋತಿಗೆ ಸ್ವಾಗತ ಕೋರಲಾಯಿತು ಎಂದಿದೆ.

ಆ ತೊಗಲನ್ನು ನಾವು ವ್ಯರ್ಥ ಮಾಡಲಿಲ್ಲ. ಕೊಟ್ಟಿಗೆಯ ಮೂಲೆಯಲ್ಲಿ ಅಜ್ಜ ಕೊರೆದಿಟ್ಟ ಚಿಕ್ಕದೊಂದು ಒಡಲಿತ್ತು. ಸೀಳು ಬಿಟ್ಟಿದೆ ಎಂದು ಯಾರೂ ಕೊಂಡಿರಲಿಲ್ಲ. ಅಪ್ಪ ಸೀಳಿಗೆ ಬೆಣೆ ಹೊಡೆದ. ಒಳಗೆ ಹೊಸದಾಗಿ ಕೆತ್ತಿದ. ತೊಗಲನ್ನು ಮತ್ತೆ ನೆನೆಸಿ ಅಳತೆಗೆ ಕತ್ತರಿಸಿಟ್ಟೆವು. ಡಬ್ಬಿಯಲ್ಲಿದ್ದ ಸುರುಳಿಗಳನ್ನು ಏನು ಮಾಡುವುದೆಂದು ಕೇಳಿದೆ. ಅಪ್ಪ ಅವನ್ನು ಸುಟ್ಟು, ಆ ಮಸಿಯನ್ನೇ ಅಂಟಿನಲ್ಲಿ ಕಲಸಿ, ಕುಂಚ ಕೊಟ್ಟ. ನಾನು ಒಳಗೆ ಬರೆಯಲು ಬಗ್ಗಿದೆ. ಅಪ್ಪ ತೋಳು ಹಿಡಿದು ನಿಲ್ಲಿಸಿದ. ಹೊರಗೆ, ಅಂದ. ನಾಲ್ಕು ಹೆಸರು ಹೊರಗೆ ಬರೆದೆ. ಕವಾರ ಎಂಬುದನ್ನು ಅಂಗೈ ಅಗಲ ಬರೆದೆ.

ತೊಗಲನ್ನು ಹಗ್ಗದಲ್ಲಿ ಬಿಗಿದು, ಮೊಳೆ ಹೊಡೆಯುವ ಮುಂಚೆಯೇ, ಅಕ್ಟೋಬರ್ ಹದಿನಾಲ್ಕರ ಮಧ್ಯಾಹ್ನ ಹೊಳೆಯ ದಂಡೆಯಲ್ಲಿ ಇಟ್ಟು ಬಾರಿಸಿದೆವು. ಕವಾರದವರು ನೂರಾರು ಡೋಲು ಮಾಡಿದ್ದರು. ನಮ್ಮದು ಅಂತ ಒಂದೂ ಇರಲಿಲ್ಲ. ಮಾತು ಬಿಟ್ಟವರೂ ಬಂದು ದೂರ ನಿಂತರು. ಟೋಕಿಯೊದಲ್ಲಿ ಯಾರು ಗೆದ್ದರೋ ಯಾರು ಸೋತರೋ, ನಮಗೆ ಆ ದಿನ ಗೊತ್ತಾಗಲಿಲ್ಲ. ತೊಮೆ ಅಜ್ಜಿ ಬಾರಿಸಿ ಬಾರಿಸಿ ಸುಸ್ತಾಗಿ ನೆಲದ ಮೇಲೆ ಕೂತುಬಿಟ್ಟಳು.

ಅರ್ಧ ತಾಸಿನಲ್ಲಿ ಪೊಲೀಸಿನವನು ಸೈಕಲ್ ತುಳಿದುಕೊಂಡು ಬಂದ. ದೂರು ಬಂದಿದೆ, ಗದ್ದಲ ಜಾಸ್ತಿಯಾಯಿತಂತೆ, ನಿಲ್ಲಿಸಬೇಕು ಎಂದ.

ಅಪ್ಪ ಕೇಳಿದ, "ದೂರು ಕೊಟ್ಟೋರು ಎಲ್ಲಿದ್ರು ಸ್ವಾಮಿ?"

"ಗುಡಿ ಹತ್ರ. ಮೆಟ್ಲು ಕೆಳಗೆ."

"ಮೆಟ್ಲು ಮೇಲಕ್ಕೆ ಕೇಳಿಸ್ಲಿಲ್ವಾ?"

"ಅಲ್ಲಿ ಧ್ವನಿವರ್ಧಕ ಐತೆ. ಕೇಳ್ಸಲ್ಲ."

ಅಪ್ಪ ಡೋಲಿನ ತೊಗಲನ್ನು ಬೆರಳಿನಿಂದ ಒತ್ತಿ ನೋಡಿದ. ಹಗ್ಗ ತಗೊಂಡ.

"ಇನ್ನೂ ಬಿಗಿ ಸಾಲ್ದು. ಹತ್ತು, ಕಿನು."

ನಾನು ಚಪ್ಪಲಿ ಬಿಟ್ಟು ಹತ್ತಿದೆ.